ಡೇರಿಯ ತಕ್ಕಡಿಯೂ ಹಳೆಯ ಡ್ರೈವರೂ
(ಸುವರ್ಣ ಮಹೋತ್ಸವ ಸಮಾರಂಭದಲ್ಲಿ ಹಳೆಯ ವಿದ್ಯಾರ್ಥಿಯೊಬ್ಬರು ಮಾಡಿದ ಭಾಷಣ)



ಹತ್ತು ನಿಮಿಷ ಕಂಪ್ಯೂಟರ್ ಬಗ್ಗೆ ಮಾತಾಡು ಅಂತ ಹೇಳಿದಾಗ ಕೃತಕ ಬುದ್ಧಿಮತ್ತೆಯ ವಿಷಯ ಹೇಳೋಣ ಅಂದುಕೊಂಡಿದ್ದೆ. ಅದನ್ನು ನೀವು ದಿನಾ ಮೊಬೈಲಿನಲ್ಲೇ ಕೇಳುತ್ತಿದ್ದೀರಿ. ಹಾಗಾಗಿ ನಮ್ಮ ಕಡೆಯ ಒಂದು ಹಾಲಿನ ಡೇರಿಯಲ್ಲಿ ನಾನು ಪಟ್ಟ ಪಾಡನ್ನೇ ಹೇಳುತ್ತೇನೆ.

ಆ ಡೇರಿಯಲ್ಲಿ ತಕ್ಕಡಿ, ಫ್ಯಾಟ್ ನೋಡುವ ಮೆಷಿನ್ ಎರಡೂ ವೈರಿನ ಮೂಲಕ ಕಂಪ್ಯೂಟರಿಗೆ ಸೇರಿವೆ. ಹಾಲು ಸುರಿದರೆ ತೂಕ, ಫ್ಯಾಟು ತಾನಾಗಿ ದಾಖಲಾಗಿ ಚೀಟಿ ಬರುತ್ತದೆ. ಒಂದು ದಿನ ಹಳೆಯ ಕಂಪ್ಯೂಟರ್ ಸುಟ್ಟುಹೋಯಿತು. ಅದರಲ್ಲಿ ಇದ್ದದ್ದು ವಿಂಡೋಸ್ ಎಕ್ಸ್‌ಪಿ. ಮೈಕ್ರೋಸಾಫ್ಟ್ 2014ರ ಏಪ್ರಿಲ್ 8ಕ್ಕೇ ಅದರ ಕೈಬಿಟ್ಟಿತ್ತು. ಹೊಸ ಕಂಪ್ಯೂಟರ್ ತಂದರು, ವಿಂಡೋಸ್ 11. ನೋಡಿದರೆ ತಕ್ಕಡಿಯ ವೈರು ಸಿಕ್ಕಿಸುವ ಒಂಬತ್ತು ಪಿನ್ನಿನ ಜಾಗವೇ ಅದರಲ್ಲಿಲ್ಲ. ಅದನ್ನು ಸೀರಿಯಲ್ ಪೋರ್ಟ್ ಅನ್ನುತ್ತಾರೆ. ಅದರ ಆರ್‌ಎಸ್-232 ಕಟ್ಟಳೆ 1960ರದು, ನಮ್ಮ ಶಾಲೆಗಿಂತ ಹಿರಿಯದು. ಯುಎಸ್‌ಬಿ ಕನ್ವರ್ಟರ್ ಕೇಬಲ್ ತಂದು ಸಿಕ್ಕಿಸಿದರು. ಪರದೆಯ ಮೇಲೆ ಹಳದಿ ತ್ರಿಕೋನ ಬಂತು, ತೂಕ ಬರಲಿಲ್ಲ.

ಕಾರ್ಯದರ್ಶಿಗಳು ಪುಸ್ತಕದಲ್ಲಿ ಕೈಯಲ್ಲಿ ಬರೆಯತೊಡಗಿದರು. ಗಲಾಟೆ ಶುರುವಾದದ್ದೇ ಅಲ್ಲಿಂದ. "ನೆನ್ನೆ ನಾಕು ಬಂದಿದ್ ಫ್ಯಾಟು ಇವತ್ತು ಮೂರೂವರೆ ಹೆಂಗಾಯ್ತು?" ಬರೆಯುವವರು ಸಾಚಾ ಮನುಷ್ಯ. ಆದರೂ ಮೆಷಿನ್ ಚೀಟಿಯನ್ನು ನಂಬುವ ಜನ ಕೈಬರಹವನ್ನು ನಂಬಲಿಲ್ಲ. ಬಟವಾಡೆ ದಿನ ಇಬ್ಬರು ಕೈ ಕೈ ಮಿಲಾಯಿಸುವ ಹಂತಕ್ಕೆ ಹೋದರಂತೆ. ನಮ್ಮವ್ವನೂ ಅಲ್ಲಿಗೇ ಹಾಲು ಹಾಕೋದು. ಹಬ್ಬಕ್ಕೆ ಬಂದಿದ್ದ ನನಗೆ, "ಕಂಪ್ಯೂಟ್ರು ಓದಿವ್ನಿ ಅಂತೀಯಲ್ಲ, ಅದಕ್ಕೇನು ಬಂದದೆ ಓಗಿ ನೋಡ್ಲಾ ಮಗ" ಅಂದಳು.

ಹೇಮಗಿರಿ ಜಾತ್ರೆಯಲ್ಲಿ ಎತ್ತಿನ ವ್ಯಾಪಾರ ನೋಡಿದವರು ಇಲ್ಲಿ ಬಹಳ ಜನ ಇದ್ದೀರಿ. ದಲ್ಲಾಳಿ ಟವೆಲಿನ ಕೆಳಗೆ ಬೆರಳು ಹಿಡಿದು ರೇಟು ಹೇಳುತ್ತಾನೆ. ಆ ಬೆರಳಿನ ಲೆಕ್ಕ ತಿಳಿಯದವನಿಗೆ ಏನೂ ಗೊತ್ತಾಗುವುದಿಲ್ಲ. ಕಂಪ್ಯೂಟರಿಗೂ ಯಂತ್ರಕ್ಕೂ ನಡುವೆ ಇರುವ ಇಂಥ ದಲ್ಲಾಳಿ ಸಾಫ್ಟ್‌ವೇರನ್ನೇ ಡ್ರೈವರ್ ಅನ್ನುವುದು. 32 ಬಿಟ್‌ನ ಹಳೆಯ ಪ್ರೋಗ್ರಾಂ 64 ಬಿಟ್ ವಿಂಡೋಸಿನಲ್ಲಿ ಬಹುಮಟ್ಟಿಗೆ ಓಡುತ್ತದೆ. 32 ಬಿಟ್‌ನ ಡ್ರೈವರ್ ಮಾತ್ರ ಓಡುವುದಿಲ್ಲ, ಅದು ಕರ್ನಲ್ ಎಂಬ ಗರ್ಭಗುಡಿಯೊಳಗೇ ಕೂರಬೇಕಾದದ್ದು. ನಮ್ಮಲ್ಲಿ ಎಷ್ಟೋ ಪ್ರಿಂಟರು, ಸ್ಕ್ಯಾನರು ಗುಜರಿಗೆ ಹೋಗುವುದು ಕೆಟ್ಟು ಅಲ್ಲ. ಕಂಪನಿ ಹೊಸ ಡ್ರೈವರ್ ಬರೆಯಲಿಲ್ಲ, ಅಷ್ಟೆ.

ಬೆಳಗಿನ ಹಾಲು ಮುಗಿದ ಮೇಲೆ ಕೂತೆ. ಸಂಜೆ ಹಾಲಿನ ಹೊತ್ತಿಗೆ ಎದ್ದು ಜಾಗ ಬಿಡಬೇಕು. ಮೊದಲು ಕೇಬಲ್ ಸತ್ತಿದೆಯೋ ಬದುಕಿದೆಯೋ ತಿಳಿಯಬೇಕಿತ್ತು. ಪೆನ್ ಡ್ರೈವಿನಿಂದ ಲಿನಕ್ಸ್ ಶುರು ಮಾಡಿದೆ. ಲಿನಸ್ ಟೊರ್ವಾಲ್ಡ್ಸ್ 1991ರಲ್ಲಿ ಆರಂಭಿಸಿದ ಈ ವ್ಯವಸ್ಥೆಯಲ್ಲಿ ಹೆಚ್ಚಿನ ಡ್ರೈವರುಗಳು ಒಳಗೇ ಇರುತ್ತವೆ, ಅವುಗಳ ಮೂಲ ಬರಹವೂ ಎಲ್ಲರಿಗೂ ಸಿಗುತ್ತದೆ. ಹಾಗಾಗಿ ಕಂಪನಿ ಮರೆತ ಯಂತ್ರವನ್ನು ಬೇರೆ ಯಾರಾದರೂ ನೋಡಿಕೊಳ್ಳಬಹುದು. ಸಿ.ಡಿ. ಹಾಕದೆಯೇ ಕೇಬಲ್ ಎದ್ದಿತು, ಆದರೆ ಪರದೆ ತುಂಬ ಅರ್ಥವಿಲ್ಲದ ಅಕ್ಷರ. ನಾನು 9600 ವೇಗ ಇಟ್ಟಿದ್ದೆ. ತಕ್ಕಡಿ ಮಾತಾಡುತ್ತಿದ್ದುದು 2400ರಲ್ಲಿ. ಬದಲಿಸಿದ ಕೂಡಲೇ ಖಾಲಿ ಕ್ಯಾನಿನ ತೂಕ ಬಂತು. ಕಾರ್ಯದರ್ಶಿಗಳು ಕ್ಯಾನು ಎತ್ತಿ ಇಟ್ಟು, ಎತ್ತಿ ಇಟ್ಟು ನೋಡಿದರು.

ಹಾಗಾದರೆ ತಪ್ಪು ವಿಂಡೋಸಿನ ಡ್ರೈವರಿನಲ್ಲಿ. ಕೇಬಲಿನೊಳಗಿನ ಚಿಪ್ ನಕಲಿ, ಮೂಲ ಕಂಪನಿಯ ಹೊಸ ಡ್ರೈವರ್ ನಕಲಿಯನ್ನು ಗುರುತಿಸಿ ಕೆಲಸ ಮಾಡದೆ ಕೂರುತ್ತಿತ್ತು. ಕಂಪನಿಯದು ತಪ್ಪೆನ್ನಲಾರೆ. ಆದರೆ ಅಂಗಡಿಯಲ್ಲಿ ದುಡ್ಡು ಕೊಟ್ಟು ತಂದವರಿಗೆ ಅಸಲಿ ನಕಲಿ ಹೇಗೆ ತಿಳಿಯಬೇಕು? 2014ರಲ್ಲಿ ಸ್ಕಾಟ್‌ಲೆಂಡಿನ ಎಫ್‌ಟಿಡಿಐ ಕಂಪನಿಯ ಡ್ರೈವರ್ ಇನ್ನೂ ಒಂದು ಹೆಜ್ಜೆ ಮುಂದೆ ಹೋಗಿ, ನಕಲಿ ಚಿಪ್ಪುಗಳ ಗುರುತಿನ ಸಂಖ್ಯೆಯನ್ನೇ ಸೊನ್ನೆ ಮಾಡಿಬಿಟ್ಟಿತ್ತು. ಗದ್ದಲವಾದ ಮೇಲೆ ಅದನ್ನು ಹಿಂದೆಗೆದುಕೊಂಡರು.

ಅದೇ ಚಿಪ್ಪಿನ ಹಳೆಯ 64 ಬಿಟ್ ಡ್ರೈವರ್ ಹುಡುಕಿ ಹಾಕಿದೆ. ತ್ರಿಕೋನ ಹೋಯಿತು. ಡೇರಿಯ ಪ್ರೋಗ್ರಾಂ ಕಾಮ್ 1 ಅನ್ನು ಮಾತ್ರ ಬಲ್ಲದು, ವಿಂಡೋಸ್ ಕೊಟ್ಟದ್ದು ಕಾಮ್ 7. ಡಿವೈಸ್ ಮ್ಯಾನೇಜರಿನಲ್ಲಿ ಅದನ್ನೂ ಬದಲಿಸಿದೆ. ಸಂಜೆ ಮೊದಲ ಚೀಟಿ ಬಂದಾಗ ಅವ್ವ ಅದನ್ನು ಮಡಿಚಿ ಸೆರಗಿಗೆ ಕಟ್ಟಿಕೊಂಡಳು.

ವಾರದೊಳಗೆ ಫೋನು ಬಂತು, ಮತ್ತೆ ತ್ರಿಕೋನ! ವಿಂಡೋಸ್ ಅಪ್‌ಡೇಟ್ ರಾತ್ರೋರಾತ್ರಿ ಹೊಸ ಡ್ರೈವರನ್ನೇ ತಂದು ಕೂರಿಸಿತ್ತು. ಫೋನಿನಲ್ಲೇ ಹೇಳಿಕೊಟ್ಟೆ, ಕಾರ್ಯದರ್ಶಿಗಳ ಮಗಳು ಹಳೆಯದಕ್ಕೆ ವಾಪಸ್ ತಂದಳು. ಅವಳು ಇದೇ ಶಾಲೆಯ ಒಂಬತ್ತನೇ ತರಗತಿ. ಆಮೇಲೆ ಅಸಲಿ ಚಿಪ್ಪಿನ ಕೇಬಲ್ ಕಳಿಸಿಕೊಟ್ಟೆ. ನಿಜ ಹೇಳಬೇಕೆಂದರೆ ಮೊದಲೇ ಮಾಡಬೇಕಿದ್ದ ಕೆಲಸ ಅದು, ನಾನು ಮಾಡಿದ್ದು ಬರೀ ತೇಪೆ.

ಇಷ್ಟು ಹೇಳಿದ್ದಕ್ಕೆ ಕಾರಣವಿದೆ. ಹಳೆಯ ವಿದ್ಯಾರ್ಥಿಗಳೆಲ್ಲ ಸೇರಿ ಶಾಲೆಗೆ ಹೊಸ ಕಂಪ್ಯೂಟರ್ ಕೊಡುವ ಮಾತು ನಡೆದಿದೆ. ಕೊಡೋಣ. ಅದಕ್ಕೂ ಮೊದಲು ಇರುವುದನ್ನು ಒಮ್ಮೆ ನೋಡೋಣ ಅಂತ ನನ್ನ ಆಸೆ. ಮುಂದಿನ ತಿಂಗಳ ಎರಡನೇ ಶನಿವಾರ ನಾನು ಇಲ್ಲೇ ಇರುತ್ತೇನೆ. ಮನೆಯಲ್ಲಿ, ಸೊಸೈಟಿಯಲ್ಲಿ ಮೂಲೆಗೆ ಬಿದ್ದ ಪ್ರಿಂಟರು, ಸ್ಕ್ಯಾನರು ಇದ್ದರೆ ತನ್ನಿ. ಜೊತೆಗೆ ಬಂದ ಸಿ.ಡಿ. ಇದ್ದರೆ ಅದನ್ನೂ ಮರೆಯದೆ ತನ್ನಿ. ಒಂಬತ್ತನೇ ತರಗತಿಯ ಆ ಹುಡುಗಿಗೂ ಬರಲು ಹೇಳಿದ್ದೇನೆ.