ಗಣತಿಯಲ್ಲಿ ಸಿಗದ ಮುತ್ತಜ್ಜ



ಕಲಬುರಗಿ, ವಿಜಯಪುರ, ಬಾಗಲಕೋಟೆಯ ಕಡೆಯಿಂದ ಪುಣೆಯ ಸೀಮೆಗೆ ದುಡಿಯಲು ಬಂದು ಇಲ್ಲೇ ನೆಲೆನಿಂತ ಮನೆತನಗಳಲ್ಲಿ ಮೂರನೆಯ, ನಾಲ್ಕನೆಯ ತಲೆಮಾರು ಈಗ ತನ್ನ ಮೂಲ ಕೇಳತೊಡಗಿದೆ. ನಮ್ಮ ಹಿರಿಯರು ಯಾವ ಊರಿನವರು, ಊರು ಬಿಟ್ಟದ್ದು ಯಾವಾಗ? ಹಳೆಯ ಜನಗಣತಿ ತೆಗೆದು ನೋಡಿದರೆ ಉತ್ತರ ಸಿಕ್ಕೀತೆಂದು ಓದಿದವರು ನಂಬಿದ್ದಾರೆ. ಅಮೆರಿಕದ ಐರಿಷ್ ಮನೆತನದವರು ಗಣತಿಯ ಹಾಳೆಗಳಲ್ಲಿ ತಮ್ಮ ಪೂರ್ವಜರನ್ನು ಪತ್ತೆಹಚ್ಚುವ ಸುದ್ದಿಗಳು ಈ ನಂಬಿಕೆಗೆ ನೀರೆರೆದಿವೆ. ಪುಣೆ ಸೀಮೆಯ ಶಿರೂರಿನ ಕನ್ನಡಿಗನಿಗೆ ಆ ದಾರಿ ಮುಚ್ಚಿದೆ ಎಂದು ಮೊದಲೇ ಹೇಳಿಬಿಡುತ್ತೇನೆ. ಸಾಮಾನ್ಯ ಮನುಷ್ಯನ ಹೆಸರನ್ನು ಕಾಪಾಡಿದ್ದು ಹೆಚ್ಚಾಗಿ ಹಕ್ಕು, ಬಾಕಿ, ಋಣಗಳ ಕಾಗದ. ತಲೆ ಎಣಿಸಿದವರಿಗೆ ಹೆಸರು ಬೇಕಾದದ್ದು ಮೊತ್ತ ಕೂಡಿಸುವ ತನಕ ಮಾತ್ರ.

ಐರಿಷ್ ಉದಾಹರಣೆಯನ್ನೇ ಹತ್ತಿರದಿಂದ ನೋಡೋಣ. ಅಮೆರಿಕದ ಗಣತಿ 1850ರಿಂದ ಗುಲಾಮರನ್ನು ಬಿಟ್ಟು ಮನೆಯ ಪ್ರತಿಯೊಬ್ಬರ ಹೆಸರು ಬರೆದುಕೊಂಡಿತು. 1880ರಿಂದ ತಂದೆತಾಯಿ ಹುಟ್ಟಿದ ದೇಶ, 1900ರಲ್ಲಿ ವಲಸೆ ಬಂದ ವರ್ಷವನ್ನೂ ಕೇಳಿತು. ಆದರೂ ಹುಟ್ಟಿದ ಸ್ಥಳದ ಅಂಕಣದಲ್ಲಿ ಸಾಮಾನ್ಯವಾಗಿ ಇರುವುದು ಐರ್ಲೆಂಡ್ ಎಂಬ ಒಂದೇ ಪದ. ಹಳ್ಳಿ ಯಾವುದೆಂದು ತಿಳಿಯಲು ಐರ್ಲೆಂಡಿಗೆ ಹೋದರೆ ಅಲ್ಲಿ ದೊಡ್ಡ ಕಂದಕ. 1821ರಿಂದ 1851ರವರೆಗಿನ ಗಣತಿಯ ಹಾಳೆಗಳು ಬಹುಪಾಲು 1922ರಲ್ಲಿ ಡಬ್ಲಿನ್ನಿನ ಫೋರ್ ಕೋರ್ಟ್ಸ್ ದಾಖಲೆಭಂಡಾರದ ಬೆಂಕಿಯಲ್ಲಿ ಸುಟ್ಟುಹೋದವು. 1861, 1871ರವನ್ನು ಸರ್ಕಾರವೇ ನಾಶಮಾಡಿತು. 1881, 1891ರವು ಮೊದಲ ಮಹಾಯುದ್ಧದ ಕಾಲದಲ್ಲಿ ಕಾಗದದ ತಿರುಳಾದವು. ಹತ್ತೊಂಬತ್ತನೇ ಶತಮಾನದ ಒಂದು ಗಣತಿಯೂ ಇಡಿಯಾಗಿ ಉಳಿದಿಲ್ಲ.

ಹಾಗಾದರೆ 1845ರ ಆಲೂಗಡ್ಡೆ ಬರಕ್ಕೆ ಸಿಕ್ಕಿ ದೇಶ ಬಿಟ್ಟವರ ಊರು ತಿಳಿಯುವುದು ಹೇಗೆ? ಕಂದಾಯ ನಿಗದಿಗಾಗಿ ಹಿಡುವಳಿದಾರರ ಹೆಸರು ಬರೆದುಕೊಂಡ ಗ್ರಿಫಿತ್ ಮೌಲ್ಯಮಾಪನ, ಚರ್ಚಿನ ದೀಕ್ಷಾಸ್ನಾನದ ಪುಸ್ತಕ, ಇಂಥವುಗಳಿಂದ. ಇವೆಲ್ಲಕ್ಕಿಂತ ಕುತೂಹಲದ್ದು ಪಿಂಚಣಿಯ ಅರ್ಜಿ. 1908ರ ಕಾಯ್ದೆ ಎಪ್ಪತ್ತು ದಾಟಿದವರಿಗೆ ಪಿಂಚಣಿ ಕೊಟ್ಟಿತು. ಐರ್ಲೆಂಡಿನಲ್ಲಿ ಎಲ್ಲರ ಜನನ ನೋಂದಣಿ ಶುರುವಾದದ್ದೇ 1864ರಲ್ಲಿ. ಮುದುಕರ ಬಳಿ ವಯಸ್ಸಿನ ಪುರಾವೆ ಎಲ್ಲಿಂದ ಬರಬೇಕು? 1841, 1851ರ ಗಣತಿಯಲ್ಲಿ ತಮ್ಮ ಮನೆಯನ್ನು ಹುಡುಕಿಕೊಡಿ ಎಂದು ಅವರು ಅರ್ಜಿ ಹಾಕಿದರು. ಗುಮಾಸ್ತರು ಹುಡುಕಿ ನಕಲು ಬರೆದರು. ಮೂಲ ಪುಸ್ತಕ ಸುಟ್ಟಿತು, ಅರ್ಜಿಯ ಮೇಲಿನ ನಕಲು ಉಳಿಯಿತು.

ನಮ್ಮಲ್ಲಿ ಬೆಂಕಿಯೂ ಬೇಕಾಗಲಿಲ್ಲ. 1872ರ ಎಣಿಕೆ ದೇಶವೆಲ್ಲ ಒಂದೇ ದಿನ ನಡೆದದ್ದಲ್ಲ. ಏಕಕಾಲದ ಮೊದಲ ಗಣತಿ 1881ರ ಫೆಬ್ರವರಿ 17ರದು. 1901ರಿಂದ ಒಬ್ಬೊಬ್ಬರ ವಿವರವನ್ನೂ ಚೀಟಿಗೆ ಇಳಿಸಿ, ಚೀಟಿಗಳನ್ನು ವಿಂಗಡಿಸಿ ಎಣಿಸುವ ಪದ್ಧತಿ ಬಂತು. ಕೋಷ್ಟಕ ಸಿದ್ಧವಾದ ಮೇಲೆ ಚೀಟಿಯೂ ಪುಸ್ತಕವೂ ಕಸ. ಉಳಿದ ಅಂಕಿಗಳಿಂದ ಉಪಯೋಗವಿಲ್ಲವೆನ್ನಲಾರೆ. 1876–78ರ ಬರಗಾಲದ ನಂತರ ಇಂದಿನ ವಿಜಯಪುರ–ಬಾಗಲಕೋಟೆ ಸೀಮೆಯ ಜನಸಂಖ್ಯೆ 6 ಲಕ್ಷ 38 ಸಾವಿರಕ್ಕೆ ಇಳಿದಿತ್ತು. 1872ಕ್ಕೆ ಹೋಲಿಸಿದರೆ ಐದನೇ ಒಂದು ಪಾಲಿನಷ್ಟು ಜನ ಇಲ್ಲವಾಗಿದ್ದರು. ಎಷ್ಟೋ ಮಂದಿ ಸತ್ತರು, ಎಷ್ಟೋ ಮಂದಿ ಗುಳೆ ಹೋದರು. ನಿಮ್ಮ ಮುತ್ತಜ್ಜ ಆ ಗುಳೆಯಲ್ಲಿ ಇದ್ದನೇ ಎಂಬುದಕ್ಕೆ ಕೋಷ್ಟಕದಲ್ಲಿ ಉತ್ತರವಿಲ್ಲ. (ಆಗಿನ ಜಿಲ್ಲೆಯ ಹೆಸರು ಕಲಾದಗಿ; ಬಿಜಾಪುರ ಎಂದು ಹುಡುಕುವವರು ಅಲ್ಲೇ ಎಡವುತ್ತಾರೆ.) ಭಾಷೆಯ ಅಂಕಿಯೂ ವಂಶ ತಿಳಿಸದು. ಮಹಾರಾಷ್ಟ್ರದಲ್ಲಿ ಕನ್ನಡ ತಾಯ್ನುಡಿಯೆಂದವರು 2001ರಲ್ಲಿ ಸುಮಾರು ಹನ್ನೆರಡೂವರೆ ಲಕ್ಷ, 2011ರಲ್ಲಿ ಸುಮಾರು 10 ಲಕ್ಷ. ಇಷ್ಟು ಜನ ಊರಿಗೆ ಮರಳಿದರೆಂದು ನಾನು ನಂಬಲಾರೆ. ಮಕ್ಕಳು ಮರಾಠಿ ಎಂದು ಬರೆಸಿರುವ ಸಂಭವವೇ ಹೆಚ್ಚು.

ಹೆಸರು ಎಲ್ಲಿದೆ ಎಂಬುದನ್ನು ಮಹಾರಾಷ್ಟ್ರ ಈಚೆಗೆ ತಾನೇ ತೋರಿಸಿಕೊಟ್ಟಿತು. ಮರಾಠರಿಂದ ಕುಣಬಿ ಜಾತಿ ಪ್ರಮಾಣಪತ್ರದ ಬೇಡಿಕೆ ಎದ್ದಾಗ, 2023ರಲ್ಲಿ ನಿವೃತ್ತ ನ್ಯಾಯಮೂರ್ತಿ ಸಂದೀಪ್ ಶಿಂದೆ ಸಮಿತಿ ನೇಮಕವಾಗಿ ಹಳೆಯ ದಫ್ತರಗಳ ಶೋಧ ನಡೆಯಿತು. ಮನೆಮನೆಯ ಪುರಾವೆ ಹೊರಬಂದದ್ದು ತಹಸೀಲ್ ಕಚೇರಿಯ ಜನನ–ಮರಣದ ಕೋತವಾಲ ಪುಸ್ತಕ, ಶಾಲೆಯ ಜನರಲ್ ರಜಿಸ್ಟರ್, ಜಮೀನಿನ ಕಾಗದಗಳಿಂದ. ಅವುಗಳಲ್ಲಿ ಬಹಳಷ್ಟು ಮರಾಠಿಯ ಹಳೆಯ ಮೋಡಿ ಲಿಪಿಯವು. ಶಿರೂರಿನ ಕನ್ನಡ ಮನೆಗೂ ಇದೇ ದಾರಿ: ಮೊದಲು ಅಜ್ಜನ ಶಾಲೆಯ ದಾಖಲೆ, ಜಮೀನಿದ್ದರೆ ಉತಾರ (ಪಹಣಿ) ಮತ್ತು ಫೇರಫಾರ (ಹಕ್ಕು ಬದಲಾವಣೆಯ ದಾಖಲೆ), ಆಮೇಲೆ ಕೋತವಾಲ ಪುಸ್ತಕ. ಊರಿನ ಹೆಸರು ಸಿಕ್ಕಿದಾಕ್ಷಣ ಹಿಗ್ಗಬೇಡಿ. ಶಿರೂರು ಎಂಬ ಊರು ಬಾಗಲಕೋಟೆಯ ಬಳಿ ಇದೆ, ಬೈಂದೂರಿನ ಬಳಿ ಇದೆ, ಅಂಕೋಲಾದಲ್ಲೂ ಇದೆ. ಮೂಲದ ಊರು ಖಚಿತವಾದರೆ ಹೆಳವರನ್ನು ಕೇಳಬೇಕು. ಎತ್ತಿನ ಮೇಲೆ ಬಂದು ಒಕ್ಕಲು ಮನೆಯ ವಂಶಾವಳಿ ಹಾಡಿ, ಹೊಸ ಮಕ್ಕಳ ಹೆಸರು ಸೇರಿಸಿಕೊಂಡು, ಕಾಳುಕಡಿ ಪಡೆದು ಹೋಗುತ್ತಿದ್ದವರು ಅವರು. ನಾಸಿಕ, ತ್ರ್ಯಂಬಕದ ತೀರ್ಥೋಪಾಧ್ಯಾಯರ ವಹಿಗಳಲ್ಲೂ ಯಾತ್ರಿಕರ ತಲೆಮಾರುಗಳಿವೆ. ಅಲ್ಲಿ ಹೆಸರು ಉಳಿದದ್ದು ಪಿತೃಋಣದ ದೆಸೆಯಿಂದ.

ಈ ದಾರಿಗೆ ಬಲವಾದ ಆಕ್ಷೇಪವಿದೆ, ಅದನ್ನು ತಳ್ಳಿಹಾಕಲಾಗದು. ಹಕ್ಕಿನ ಕಾಗದ ಹಕ್ಕಿದ್ದವರದು. ಭೂಮಿ ಇಲ್ಲದವನಿಗೆ ಉತಾರವಿಲ್ಲ. ಶಾಲೆಯ ಬಾಗಿಲು ಮುಚ್ಚಿದ್ದ ಕೇರಿಗೆ ರಜಿಸ್ಟರ್ ಇಲ್ಲ. ಹೆಳವರ ಹಾಡು ಹೆಚ್ಚಾಗಿ ಗಂಡುಸಂತಾನವನ್ನೇ ಹಿಡಿದು ಸಾಗುತ್ತದೆ. ಕೋತವಾಲ ಪುಸ್ತಕ ಈ ಕೊರತೆಯನ್ನು ಕೊಂಚ ತುಂಬೀತು, ಪೂರ್ತಿಯಲ್ಲ. ಒಡೆಯ, ಕೂಲಿಯಾಳು, ಮುದುಕಿ, ಹಸುಗೂಸು ಎಲ್ಲರನ್ನೂ ಒಂದೇ ಹಾಳೆಯಲ್ಲಿ ಬರೆಯುವುದು ಗಣತಿಯೊಂದೇ. ಆದ್ದರಿಂದಲೇ ಅದರ ಹಾಳೆಗಳನ್ನು ಕಳೆದುಕೊಂಡದ್ದು ಬಡವರ ಮಟ್ಟಿಗೆ ದೊಡ್ಡ ನಷ್ಟ, ಮತ್ತು ಮುಂದಿನದನ್ನು ಉಳಿಸಬೇಕೆನ್ನಲು ಅದೇ ಕಾರಣ.

ಉಳಿಸಿದರೆ ಅಪಾಯವಿಲ್ಲವೇ? ಇದೆ. 1951ರ ಗಣತಿಯ ಹೆಸರುಗಳಿಂದ ಆಗಲೇ ಸಿದ್ಧವಾದ ಪೌರತ್ವ ನೋಂದಣಿ ಅಸ್ಸಾಮಿನಲ್ಲಿ ಮುಂದೆ ಪುರಾವೆಯಾಯಿತು. 2019ರ ಪಟ್ಟಿಯಿಂದ 19 ಲಕ್ಷಕ್ಕೂ ಹೆಚ್ಚು ಜನ ಹೊರಗುಳಿದರು. 1948ರ ಗಣತಿ ಕಾಯ್ದೆಯ 15ನೇ ಕಲಮು ಈ ವಿವರಗಳನ್ನು ಯಾರೂ ನೋಡದಂತೆ, ಸಾಮಾನ್ಯವಾಗಿ ಸಾಕ್ಷ್ಯವಾಗದಂತೆ ತಡೆದಿರುವುದು ಸರಿಯೇ. ಆದರೆ ಗುಟ್ಟು ಕಾಯುವುದಕ್ಕೆ ಸುಡಲೇಬೇಕೆಂದಿಲ್ಲ. ಅಮೆರಿಕ 72 ವರ್ಷ, ಬ್ರಿಟನ್ ಮತ್ತು ಐರ್ಲೆಂಡ್ 100 ವರ್ಷ ಬೀಗ ಹಾಕಿಟ್ಟು ಆಮೇಲೆ ತೆರೆಯುತ್ತವೆ. ನೂರು ವರ್ಷದ ನಂತರ ಆ ಹೆಸರಿನಿಂದ ತೊಂದರೆಪಡುವ ಜೀವ ಬಹುತೇಕ ಇರುವುದಿಲ್ಲ.

2027ರ ಮಾರ್ಚ್ 1ನ್ನು ಆಧಾರ ದಿನವಾಗಿಟ್ಟ ಗಣತಿ ಭಾರತದ ಮೊದಲ ಡಿಜಿಟಲ್ ಗಣತಿ. ಕಾಗದದ ಹೊರೆ, ಗೋದಾಮಿನ ಬಾಡಿಗೆ ಎಂಬ ಹಳೆಯ ನೆಪಗಳು ಇನ್ನು ನಡೆಯವು. ಈ ವಿವರಗಳನ್ನು ರಾಷ್ಟ್ರೀಯ ಅಭಿಲೇಖಾಲಯದಲ್ಲಿ ಇಟ್ಟು 2127ರಲ್ಲಿ ತೆರೆಯುವಂತೆ ಕಾಯ್ದೆ ತಿದ್ದಬೇಕೆಂದು ಇಲ್ಲಿಯ ಕನ್ನಡಿಗರೂ ಮರಾಠಿಗರೂ ಕೂಡಿ ಕೇಳಬೇಕು. ಅಷ್ಟರೊಳಗೆ ತಹಸೀಲ್ ಕಚೇರಿಯ ಕೋತವಾಲ ಪುಸ್ತಕಗಳನ್ನು ಓದಿಸಿಕೊಳ್ಳಿ. ಮೋಡಿ ಓದಬಲ್ಲವರು ಈಗಲೇ ವಿರಳ.