ಮಗಳು ಎಲ್ಲಿಗೆ ಹೋಗಬೇಕು?

ಮುಳಬಾಗಿಲಿನಲ್ಲೋ ಮಾಲೂರಿನಲ್ಲೋ ಒಂದು ಮನೆಯ 19 ವರ್ಷದ ಮಗಳು ತಾನು ಒಪ್ಪಿದವನೊಡನೆ ಹೊರಟುಹೋದಳೆಂದು ಇಟ್ಟುಕೊಳ್ಳೋಣ. ತಾಯಿಗೆ ಅನ್ನ ಸೇರದು, ತಂದೆಗೆ ನಿದ್ದೆಯಿಲ್ಲ. ಆಗ ಬಂಧುಗಳೊಬ್ಬರು, "ಹೈಕೋರ್ಟಿಗೆ ಹೇಬಿಯಸ್ ಕಾರ್ಪಸ್ ಅರ್ಜಿ ಹಾಕಿ, ಹುಡುಗಿಯನ್ನು ಕರೆತಂದು ನಿಮ್ಮ ಕೈಗೆ ಒಪ್ಪಿಸುತ್ತಾರೆ" ಎನ್ನುತ್ತಾರೆ. ಕರೆತರುವುದು ನಿಜ, ಒಪ್ಪಿಸುವುದು ಮಾತ್ರ ನಿಜವಲ್ಲ.

ಹೇಬಿಯಸ್ ಕಾರ್ಪಸ್ ಎಂಬುದು ಲ್ಯಾಟಿನ್ ಮಾತು. ಹಿಡಿದಿಟ್ಟ ವ್ಯಕ್ತಿಯನ್ನು ನ್ಯಾಯಾಲಯದ ಮುಂದೆ ತಂದು ನಿಲ್ಲಿಸು ಎಂದು ಅದರ ತಾತ್ಪರ್ಯ. ಈ ಆಜ್ಞೆಯನ್ನು ಹೊರಡಿಸುವ ಅಧಿಕಾರವನ್ನು ನಮ್ಮ ಸಂವಿಧಾನದ 226ನೆಯ ವಿಧಿ ಹೈಕೋರ್ಟಿಗೂ 32ನೆಯ ವಿಧಿ ಸುಪ್ರೀಂ ಕೋರ್ಟಿಗೂ ಕೊಟ್ಟಿವೆ. ಕೂಡಿಹಾಕಿದವರು ಪೊಲೀಸರೇ ಆಗಬೇಕೆಂದಿಲ್ಲ. ತಂದೆಯಾಗಲಿ ಗಂಡನಾಗಲಿ ಉತ್ತರ ಕೊಡಲೇಬೇಕು.

ನ್ಯಾಯಾಧೀಶರು ಮೊದಲು ನೋಡುವುದು ವಯಸ್ಸನ್ನು. 18 ತುಂಬದಿದ್ದರೆ ಮಗುವಿನ ಹಿತವೇ ಮುಖ್ಯ. ತುಂಬಿದ್ದರೆ ಕೇಳುವ ಮಾತು ಇಷ್ಟೇ: "ನಿನ್ನ ಇಷ್ಟವೇನಮ್ಮ? ಎಲ್ಲಿರಬೇಕೆಂದಿದ್ದೀಯೆ?" ತವರೆಂದರೆ ತವರು, ಗಂಡನ ಮನೆಯೆಂದರೆ ಗಂಡನ ಮನೆ, ಎರಡೂ ಬೇಡವೆಂದರೆ ಅದೂ ಸರಿಯೇ.

ಕೇರಳದ ಒಂದು ಪ್ರಕರಣದಲ್ಲಿ ತಂದೆಯ ಇಂಥ ಅರ್ಜಿಯ ಮೇಲೆ ಅಲ್ಲಿನ ಹೈಕೋರ್ಟು 2017ರಲ್ಲಿ ವಯಸ್ಕ ಮಗಳ ಮದುವೆಯನ್ನೇ ರದ್ದುಮಾಡಿತು. ಹಾಗೆ ಮಾಡತಕ್ಕದ್ದಲ್ಲವೆಂದು 2018ರಲ್ಲಿ ಸುಪ್ರೀಂ ಕೋರ್ಟು ಆ ತೀರ್ಪನ್ನು ತಳ್ಳಿಹಾಕಿತು. 2020ರ ನವೆಂಬರಿನಲ್ಲಿ ನಮ್ಮ ಕರ್ನಾಟಕ ಹೈಕೋರ್ಟಿನ ಮುಂದೆ ಬೆಂಗಳೂರಿನ ತರುಣನೊಬ್ಬನ ಅರ್ಜಿ ಬಂತು. ಅವನು ಮದುವೆಯಾಗಬೇಕೆಂದಿದ್ದ ಯುವತಿ ಒಂದು ಮಹಿಳಾ ಆಶ್ರಯಧಾಮದಲ್ಲಿದ್ದಳು. ಮದುವೆಗೆ ತಾಯಿಯ ಸಮ್ಮತಿಯಿರಲಿಲ್ಲ. ವಯಸ್ಕರು ತಮಗೆ ಒಪ್ಪಿದವರನ್ನು ಮದುವೆಯಾಗುವುದು ಮೂಲಭೂತ ಹಕ್ಕು ಎಂದು ಹೇಳಿ ನ್ಯಾಯಪೀಠ ಆಕೆಯನ್ನು ಬಿಡುಗಡೆ ಮಾಡಿಸಿತು.

ಇನ್ನು, ಮನೆಯೊಳಗೇ ಕೂಡಿಹಾಕಿದ ಹೆಣ್ಣುಮಗಳ ಪಾಡೇನು? ಅವಳು ವಕೀಲರ ಮನೆಗೆ ಹೋಗುವಂತಿಲ್ಲ. ಅವಳ ಪರವಾಗಿ ಗೆಳತಿ ಅರ್ಜಿ ಕೊಟ್ಟರೂ ನಡೆಯುತ್ತದೆ. ಬೆಂಗಳೂರಿಗೇ ಹೋಗಬೇಕೆಂದೂ ಇಲ್ಲ. ಕೋಲಾರ, ಮಾಲೂರು, ಮುಳಬಾಗಿಲು, ಶ್ರೀನಿವಾಸಪುರಗಳಲ್ಲಿ ಮ್ಯಾಜಿಸ್ಟ್ರೇಟರ ನ್ಯಾಯಾಲಯಗಳಿವೆ. ಕೂಡಿಹಾಕಿರುವುದು ಅಪರಾಧವಾಗುವಂತಿದೆ ಎಂದು ನಂಬಲು ಕಾರಣವಿದ್ದರೆ ಮ್ಯಾಜಿಸ್ಟ್ರೇಟರು ಶೋಧನಾ ವಾರಂಟ್ ಹೊರಡಿಸಿ ಆಕೆಯನ್ನು ತಮ್ಮ ಮುಂದೆ ಕರೆಸಬಹುದು. ಹಳೆಯ ದಂಡ ಪ್ರಕ್ರಿಯಾ ಸಂಹಿತೆಯ 97ನೆಯ ಕಲಮಿನಲ್ಲಿದ್ದ ಈ ಅಧಿಕಾರ 2024ರ ಜುಲೈ 1ರಿಂದ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ 100ನೆಯ ಕಲಮಿನಲ್ಲಿದೆ. ಖರ್ಚಿನ ಚಿಂತೆಯೂ ಬೇಡ: 1987ರ ಕಾನೂನು ಸೇವೆಗಳ ಪ್ರಾಧಿಕಾರಗಳ ಕಾಯಿದೆಯಂತೆ ಹೆಂಗಸರಿಗೆ ವರಮಾನ ಎಷ್ಟೇ ಇರಲಿ ಉಚಿತ ಕಾನೂನು ನೆರವು ದೊರೆಯುತ್ತದೆ.

ಇದನ್ನು ಕೇಳಿ ಕೆಲವು ಹಿರಿಯರು ನೊಂದುಕೊಳ್ಳಬಹುದು. ಸಾಕಿ ಸಲಹಿದವರಿಗೆ ಮಾತೇ ಇಲ್ಲವೆ ಎನ್ನಬಹುದು. ಮಾತು ಖಂಡಿತ ಇದೆ. ಬುದ್ಧಿ ಹೇಳಲು, ಬೇಡವೆನ್ನಲು, ಅತ್ತು ಕರೆಯಲು ಯಾವ ಕಾನೂನಿನ ಅಡ್ಡಿಯೂ ಇಲ್ಲ. ಬೀಗ ಹಾಕುವುದಕ್ಕೆ ಮಾತ್ರ ಅಡ್ಡಿ. ಮಗಳು ಎಲ್ಲಿರುತ್ತಾಳೆಂಬುದನ್ನು ಅವಳೇ ಹೇಳಲೆಂದು ನ್ಯಾಯಾಲಯ ಬಿಟ್ಟುಕೊಡುತ್ತದೆ. ಹಬ್ಬಕ್ಕೆ ಅವಳನ್ನು ಮನೆಗೆ ಕರೆಯುವುದು ತಂದೆತಾಯಿಗಳಿಗೆ ಬಿಟ್ಟದ್ದು.