ಪರಿಹಾರವೆಂಬ ಮಾತು

ಕನ್ನಡ ಶಾಸನಗಳನ್ನು ಓದಿದವರಿಗೆ ‘ಸರ್ವಬಾಧಾ ಪರಿಹಾರ’ ಎಂಬ ಮಾತು ಪರಿಚಿತವಾದುದೇ. ಅರಸನು ದೇವಾಲಯಕ್ಕೋ ಅಗ್ರಹಾರಕ್ಕೋ ಭೂಮಿಯನ್ನು ದತ್ತಿ ಬಿಡುವಾಗ, ಈ ನೆಲಕ್ಕೆ ಇನ್ನು ತೆರಿಗೆಯ ಬಾಧೆಯಿಲ್ಲವೆಂದು ಕಲ್ಲಿನಲ್ಲಿ ಹೀಗೆ ಬರೆಯಿಸುತ್ತಿದ್ದನು. ಭೂಮಿಯನ್ನು ಕೊಡುವಾಗ ಬಳಸುತ್ತಿದ್ದ ಆ ಶಬ್ದವನ್ನೇ ನಾವು ಇಂದು ಭೂಮಿಯನ್ನು ತೆಗೆದುಕೊಳ್ಳುವಾಗ ಬಳಸುತ್ತೇವೆ. ತರಗತಿಯಲ್ಲಿ ಇದನ್ನು ಅರ್ಥವ್ಯತ್ಯಾಸಕ್ಕೆ ಉದಾಹರಣೆಯಾಗಿ ಹೇಳಿ ಮುಂದಿನ ಪುಟಕ್ಕೆ ಹೋಗುತ್ತಿದ್ದವನು ನಾನು. ಆ ಶಬ್ದ ನಮ್ಮ ಮನೆಯ ಬಾಗಿಲಿಗೇ ಬಂದಾಗ ಅದನ್ನು ಓದಲು ನನಗೆ ಬರಲಿಲ್ಲ.

ಕೃಷ್ಣೆಗೆ ಆಲಮಟ್ಟಿಯಲ್ಲಿ ಅಣೆಕಟ್ಟು ಕಟ್ಟಲು 1964ರಲ್ಲಿ ಲಾಲ್ ಬಹಾದ್ದೂರ್ ಶಾಸ್ತ್ರಿಯವರು ಅಡಿಗಲ್ಲನ್ನಿಟ್ಟರು. ಹಿನ್ನೀರು ಘಟಪ್ರಭೆಯ ಪಾತ್ರದಲ್ಲಿಯೂ ಏರಿ ಹಳೆಯ ಬಾಗಲಕೋಟೆಯ ಓಣಿಗಳನ್ನು ಮುಟ್ಟಿತು, ಊರಿನವರಿಗಾಗಿ ನವನಗರವೆದ್ದಿತು. ನದಿಯ ದಂಡೆಯ ಎಷ್ಟೋ ಹಳ್ಳಿಗಳಂತೆ ನಮ್ಮ ದೊಡ್ಡಪ್ಪನ ಹಳ್ಳಿಯೂ ಮುಳುಗಡೆಯ ಯಾದಿಯಲ್ಲಿ ಸೇರಿತು. ಬಿಳಿಜೋಳ, ಕಡಲೆ, ಕುಸುಬೆ ಬೆಳೆಯುತ್ತಿದ್ದ ಎರೆಹೊಲ ಅವರದು.

ಆಗ ಜಾರಿಯಲ್ಲಿದ್ದುದು 1894ರ ಭೂಸ್ವಾಧೀನ ಕಾಯಿದೆ. ನಾಲ್ಕನೆಯ ಕಲಮಿನ ಅಧಿಸೂಚನೆ ಹೊರಟ ದಿನ ಪೇಟೆಯಲ್ಲಿ ಭೂಮಿಗೆ ಯಾವ ಬೆಲೆಯಿತ್ತೋ ಅದೇ ಅದರ ಬೆಲೆ. ಕೇಳುವುದಕ್ಕೆ ನ್ಯಾಯವಾಗಿಯೇ ಇದೆ. ಆದರೆ ಮುಳುಗುವ ಹಳ್ಳಿಯಲ್ಲಿ ಪೇಟೆಯೆಲ್ಲಿಯದು? ಅಣೆಕಟ್ಟಿನ ಸುದ್ದಿ ಹಬ್ಬಿದ ದಿನದಿಂದಲೇ ಅಲ್ಲಿ ಹೊಲ ಕೊಳ್ಳುವವರಿರುವುದಿಲ್ಲ. ಅದಕ್ಕೂ ಹಿಂದಿನ ಖರೀದಿ ಪತ್ರಗಳನ್ನು ತೆಗೆದು ನೋಡಿದರೆ, ಮುದ್ರಾಂಕ ಶುಲ್ಕ ಉಳಿಸಲು ನಮ್ಮ ಜನ ಕೊಟ್ಟದ್ದಕ್ಕಿಂತ ಕಡಿಮೆಯನ್ನೇ ಬರೆಯಿಸಿರುತ್ತಾರೆ. ಅಂದು ಸರ್ಕಾರಕ್ಕೆ ಹೇಳಿದ ಸಣ್ಣ ಸುಳ್ಳನ್ನು ಸರ್ಕಾರ ಮುಂದೊಂದು ದಿನ ನಂಬಿಬಿಡುತ್ತದೆ! ಖರೀದಿ ಪತ್ರಗಳು ಸಿಗದಿದ್ದರೆ ವರ್ಷದ ಹುಟ್ಟುವಳಿಯಲ್ಲಿ ಸಾಗುವಳಿಯ ಖರ್ಚನ್ನು ಕಳೆದು, ಉಳಿದದ್ದನ್ನು ಹತ್ತರಿಂದ ಗುಣಿಸುವ ಪದ್ಧತಿಯೊಂದು ನ್ಯಾಯಾಲಯಗಳಲ್ಲಿ ಬೆಳೆದು ಬಂದಿದೆ. ತಲೆಮಾರುಗಳ ಹೊಲಕ್ಕೆ ಹತ್ತು ವರ್ಷದ ಬೆಳೆ.

ಇದರ ಮೇಲೆ ‘ಸೊಲೇಷಿಯಂ’ ಎಂಬುದೊಂದು ಉಂಟು. ಲ್ಯಾಟಿನ್ ಮೂಲದ ಈ ಶಬ್ದಕ್ಕೆ ಸಾಂತ್ವನ, ಸಮಾಧಾನ ಎಂದರ್ಥ. ಮನಸ್ಸಿಲ್ಲದೆ ನೆಲ ಬಿಟ್ಟವನ ದುಃಖಕ್ಕೆ 1894ರ ಕಾಯಿದೆ ಶೇಕಡಾ 15ರಷ್ಟು ಸಾಂತ್ವನ ನೀಡಿತ್ತು. 1984ರ ತಿದ್ದುಪಡಿ ಅದನ್ನು 30ಕ್ಕೇರಿಸಿತು. ದುಃಖಕ್ಕೂ ಶೇಕಡಾವಾರು ಲೆಕ್ಕವೇ ಎಂದು ನಗುವವರು ನಗಬಹುದು. ನಾನು ನಗಲಾರೆ. ಭೂಮಿ ಎಂದರೆ ಬರಿಯ ಬೆಲೆಯಲ್ಲವೆಂದು ಶಾಸನಕಾರನಿಗೂ ಹೊಳೆದಿತ್ತೆಂಬುದಕ್ಕೆ ಇರುವ ಸಾಕ್ಷಿ ಇದೊಂದೇ ಶಬ್ದ.

ಸಂವಿಧಾನದಲ್ಲಿಯೂ ಶಬ್ದದ ಜಗಳ ನಡೆದಿದೆ. ನಿರಾಶ್ರಿತರ ವಸತಿಗಾಗಿ ವಶಪಡಿಸಿಕೊಂಡ ಜಮೀನಿಗೆ 1946ರ ಡಿಸೆಂಬರ್ 31ರ ಬೆಲೆಗಿಂತ ಹೆಚ್ಚು ಕೊಡಕೂಡದೆಂದು ಪಶ್ಚಿಮ ಬಂಗಾಳದ ಕಾಯಿದೆಯೊಂದು ಹೇಳಿತ್ತು. 1953ರಲ್ಲಿ ಬೇಲಾ ಬ್ಯಾನರ್ಜಿ ಪ್ರಕರಣದಲ್ಲಿ ಸುಪ್ರೀಂ ಕೋರ್ಟು ಅದನ್ನು ಒಪ್ಪಲಿಲ್ಲ. ಪರಿಹಾರವೆಂದರೆ ಕಳೆದುಕೊಂಡದ್ದಕ್ಕೆ ಸರಿಸಮನಾದುದು ಎಂದಿತು. 1955ರ ತಿದ್ದುಪಡಿ, ಪರಿಹಾರ ಸಾಲದೆಂಬ ತಕರಾರನ್ನು ನ್ಯಾಯಾಲಯದ ಅಧಿಕಾರದಿಂದ ಹೊರಗಿಟ್ಟಿತು. 1971ರಲ್ಲಿ ಆ ವಿಧಿಯಿಂದ ‘ಪರಿಹಾರ’ ಎಂಬ ಶಬ್ದವನ್ನೇ ಕಿತ್ತು ‘ಮೊತ್ತ’ ಎಂದು ಹಾಕಿದರು. 1978ರ ತಿದ್ದುಪಡಿಯಲ್ಲಿ ಆಸ್ತಿಯ ಹಕ್ಕೇ ಮೂಲಭೂತ ಹಕ್ಕುಗಳ ಸಾಲಿನಿಂದ ಇಳಿಯಿತು. ಜಮೀನ್ದಾರರ ಹಿಡಿತವನ್ನು ಸಡಿಲಿಸಲು ಇಂಥ ತಿದ್ದುಪಡಿಗಳು ಬೇಕಾಗಿದ್ದುವೆಂಬುದನ್ನು ನಾನು ಬಲ್ಲೆ. ಆದರೆ ಸಾವಿರ ಎಕರೆಯವನಿಗಾಗಿ ಹುಡುಕಿದ ಶಬ್ದದಿಂದಲೇ ನಾಲ್ಕೆಕರೆಯವನನ್ನೂ ಅಳೆದರೆ?

ನಮ್ಮ ದೊಡ್ಡಪ್ಪನಿಗೆ 1990ರ ದಶಕದ ಮೊದಲ ವರ್ಷಗಳಲ್ಲಿ ಐತೀರ್ಪಿನ ನೋಟೀಸು ಬಂದಿತು. ನಾನಾಗ ಕಾಲೇಜಿನಲ್ಲಿ ಕನ್ನಡ ಅಧ್ಯಾಪಕ. ಮನೆಯಲ್ಲಿ ಎಂ.ಎ. ಓದಿದವನೆಂದರೆ ನಾನೊಬ್ಬನೇ ಆದ್ದರಿಂದ ಕಚೇರಿಗೆ ನನ್ನನ್ನೇ ಕರೆದುಕೊಂಡು ಹೋದರು. ಹಣ ಪಡೆಯುವ ರಸೀದಿಯನ್ನು ನನ್ನ ಮುಂದೆ ಹಿಡಿದು, “ಏನ ಬರದಾರ ನೋಡೊ ತಮ್ಮಾ, ಸಹಿ ಮಾಡ್ಲ್ಯೋ?” ಎಂದು ಕೇಳಿದರು. ನಾನು ಅಂಕೆಗಳನ್ನು ಎರಡು ಸಲ ಕೂಡಿಸಿ ನೋಡಿದೆ. ಒಂದೆಡೆ ಕಾಗುಣಿತದ ತಪ್ಪಿತ್ತು, ಅದನ್ನೂ ಗುಮಾಸ್ತರಿಗೆ ತೋರಿಸಿದೆ. “ಸರಿಯಾಗೇತಿ, ಮಾಡ್ರಿ” ಎಂದೆ.

ಪಕ್ಕದ ಹೊಲದವರು ಅಕ್ಷರ ಬಾರದವರು. ಹಾಗಾಗಿ ವಕೀಲರನ್ನು ಕರೆದುಕೊಂಡು ಬಂದಿದ್ದರು. ಆ ವಕೀಲರು ಹೆಬ್ಬೆಟ್ಟಿನ ಗುರುತಿನ ಮೇಲೆ ‘ಅಂಡರ್ ಪ್ರೊಟೆಸ್ಟ್’ ಎಂದು ಬರೆದರು. ಆಕ್ಷೇಪಣೆಯನ್ನು ಉಳಿಸಿಕೊಂಡು ಪಡೆದಿದ್ದೇನೆ ಎಂದು ಅದರ ತಾತ್ಪರ್ಯ. ಹಾಗೆ ಬರೆಯದೆ ಹಣ ಪಡೆದವನಿಗೆ, ಬೆಲೆ ಸಾಲದೆಂದು ಸಿವಿಲ್ ನ್ಯಾಯಾಲಯದವರೆಗೆ ಹೋಗುವ ಹದಿನೆಂಟನೆಯ ಕಲಮಿನ ದಾರಿ ಮುಚ್ಚಿತೆಂದೇ ಲೆಕ್ಕ. ಬರೆದವನಿಗೂ ನಮ್ಮ ರಾಜ್ಯದಲ್ಲಿ ನೋಟೀಸು ತಲುಪಿದಂದಿನಿಂದ 90 ದಿನಗಳ ಅವಧಿ ಮಾತ್ರ. ಕೆಲವು ವರ್ಷಗಳ ಮೇಲೆ ನ್ಯಾಯಾಲಯ ಪಕ್ಕದ ಹೊಲಕ್ಕೆ ಬೆಲೆಯನ್ನು ಏರಿಸಿತು, ಬಡ್ಡಿಯೂ ಸೇರಿತು. ನಡುವಿನ ಬದುವಿನ ಎರಡು ಕಡೆಯೂ ಒಂದೇ ಎರೆಮಣ್ಣು.

ಇಷ್ಟಾದ ಮೇಲೂ ಕಾಯಿದೆ ಒಂದು ಕಿಟಕಿಯನ್ನು ತೆರೆದಿಟ್ಟಿತ್ತು. 1984ರಲ್ಲಿ ಸೇರಿಸಿದ 28-ಎ ಕಲಮಿನಂತೆ, ಅದೇ ಅಧಿಸೂಚನೆಗೆ ಒಳಪಟ್ಟ ನೆರೆಯವನಿಗೆ ನ್ಯಾಯಾಲಯ ಹೆಚ್ಚು ಕೊಟ್ಟರೆ, ಕೋರ್ಟಿಗೆ ಹೋಗದವನೂ ಮೂರು ತಿಂಗಳೊಳಗೆ ಅರ್ಜಿ ಹಾಕಿ ಅದೇ ದರವನ್ನು ಕೇಳಬಹುದು. ಬಡ ರೈತನಿಗಾಗಿಯೇ ತಂದ ಕಲಮು ಇದು. ಆದರೆ ನೆರೆಯವರು ಆಗಲೇ ಪುನರ್ವಸತಿ ಕೇಂದ್ರ ಸೇರಿದ್ದರು, ದೊಡ್ಡಪ್ಪ ಮಗಳ ಊರಿನಲ್ಲಿದ್ದರು. ಊರೇ ಚದುರಿದ ಮೇಲೆ ಕಟ್ಟೆಯ ಮೇಲಿನ ಸುದ್ದಿ ಯಾರಿಗೆ ತಲುಪೀತು? ನಮಗೆ ತಿಳಿದಾಗ ಐದು ತಿಂಗಳು ಕಳೆದಿತ್ತು. ದೊಡ್ಡಪ್ಪ ನನಗೆ ಒಂದು ಮಾತೂ ಅನ್ನಲಿಲ್ಲ. ಅಂದಿದ್ದರೆ ಚೆನ್ನಾಗಿತ್ತು.

2014ರ ಜನವರಿಯಿಂದ ಹೊಸ ಕಾಯಿದೆ ಬಂದಿದೆ. ಸಾಂತ್ವನ ಈಗ ಶೇಕಡಾ 100; ಹಳ್ಳಿಯ ಜಮೀನಿನ ಬೆಲೆಯನ್ನು ಎರಡರವರೆಗೂ ಗುಣಿಸಬಹುದು. ಆಕ್ಷೇಪಣೆಯಿಲ್ಲದೆ ಹಣ ಪಡೆದವನು ತಕರಾರೆತ್ತುವಂತಿಲ್ಲ ಎಂಬ ನಿಯಮ ಮಾತ್ರ 77ನೆಯ ಕಲಮಿನಲ್ಲಿ ಹಾಗೆಯೇ ಕುಳಿತಿದೆ.

ಆಲಮಟ್ಟಿಯ ನೀರನ್ನು 519.60 ಮೀಟರಿನಿಂದ 524.256 ಮೀಟರಿಗೆ ಏರಿಸಲು 2010ರಲ್ಲಿ ಎರಡನೆಯ ಕೃಷ್ಣಾ ನ್ಯಾಯಮಂಡಳಿ ಅನುಮತಿಯಿತ್ತಿತು. ಆ ಮುಳುಗಡೆಗಾಗಿ ನೀರಾವರಿ ಜಮೀನಿಗೆ ಎಕರೆಗೆ 40 ಲಕ್ಷ, ಒಣಭೂಮಿಗೆ 30 ಲಕ್ಷ ರೂಪಾಯಿಯೆಂದು ರಾಜ್ಯ ಸಚಿವ ಸಂಪುಟ 2025ರ ಸೆಪ್ಟೆಂಬರಿನಲ್ಲಿ ತೀರ್ಮಾನಿಸಿತು. ಇದು ಒಪ್ಪಿಗೆಯ ಐತೀರ್ಪಿನ ದರ. ಒಪ್ಪಿದವನಿಗೆ ಕೋರ್ಟಿನ ಅಲೆದಾಟವಿಲ್ಲ, ಕೋರ್ಟಿನ ಆಸೆಯೂ ಇಲ್ಲ. ಇದು ತಪ್ಪೆಂದು ನಾನು ಹೇಳುವುದಿಲ್ಲ. ವ್ಯಾಜ್ಯ ತೀರುವ ಮೊದಲೇ ತೀರಿಹೋದವರನ್ನು ಕಂಡಿದ್ದೇನೆ.

ಈ ತೀರ್ಮಾನದ ಸುದ್ದಿ ಬಂದ ಮೇಲೆ ಆ ಭಾಗದ ಹಳೆಯ ವಿದ್ಯಾರ್ಥಿಯೊಬ್ಬ ಮನೆಗೆ ಬಂದಿದ್ದ. ಉತಾರ, ಖಾತೆಯ ಕಾಗದಗಳನ್ನೆಲ್ಲ ಮೇಜಿನ ಮೇಲೆ ಹರಡಿ, “ಸರ್, ನಾಳೆ ಕರೆದರೆ ಒಪ್ಪಿ ಸಹಿ ಮಾಡಲೇ?” ಎಂದು ಕೇಳಿದ. ಕನ್ನಡಕ ಹಾಕಿಕೊಂಡೆ, ಒಂದೊಂದನ್ನೂ ಓದಿದೆ. ಆಮೇಲೆ ಕಾಗದಗಳನ್ನು ಅವನಿಗೇ ಹಿಂದಿರುಗಿಸಿ, “ವಕೀಲರ ಹತ್ತಿರ ಹೋಗೋಣ. ನಾನೂ ನಿನ್ನ ಜೊತೆಗೆ ಬರುತ್ತೇನೆ” ಎಂದೆ.